‘ಹೋಟೆಲು’ ಶಬ್ದದ ಅರ್ಥವಿಚಾರ

ಸಕಲೇಶಪುರ ತಾಲ್ಲೂಕಿನ ಹಾನುಬಾಳು ಕಾಫಿ ತೋಟಗಳ ನಡುವೆ ಇರುವ ಒಂದು ಹೋಬಳಿಯ ಮುಖ್ಯ ಗ್ರಾಮ. ಅಲ್ಲಿ ಒಬ್ಬನು ‘ಹೋಟ್ಲಿಗೆ ಹೋಗಿದ್ದೆ’ ಎಂದರೆ, ಕೇಳಿದವರು ಅವನು ಕಾಫಿ ಕುಡಿದನೆಂದೋ ತಿಂಡಿ ತಿಂದನೆಂದೋ ತಿಳಿಯುವರು. ರಾತ್ರಿ ಅಲ್ಲಿ ತಂಗಿದನೆಂದು ಯಾರೂ ಭಾವಿಸರು. ಅದೇ ಊರಿನ ವಿದ್ಯಾರ್ಥಿಯು ಇಂಗ್ಲಿಷ್ ಪಾಠದಲ್ಲಿ ಈ ಶಬ್ದಕ್ಕೆ ಕಲಿಯುವ ಅರ್ಥವಾದರೋ ಪ್ರಯಾಣಿಕರು ಹಣ ತೆತ್ತು ತಂಗುವ ಮನೆ ಎಂಬುದು. ಈ ಭೇದವನ್ನು ಕಂಡು, ಕನ್ನಡದ ಪ್ರಯೋಗವು ಅಜ್ಞಾನದಿಂದ ಹುಟ್ಟಿದ ತಪ್ಪೆಂದು ಎಣಿಸಿ ತಿದ್ದುವ ಉಪಾಧ್ಯಾಯರುಂಟು. ಈ ತಿದ್ದುವಿಕೆ ಯುಕ್ತವೇ? ಶಬ್ದದ ಮೂಲವನ್ನೂ ಕನ್ನಡದಲ್ಲಿ ಅದು ಪಡೆದ ಸಂಸ್ಕಾರವನ್ನೂ ಪರಿಶೀಲಿಸಿದಲ್ಲದೆ ಈ ಪ್ರಶ್ನೆಗೆ ಉತ್ತರ ಹೇಳಲಾಗದು.

೧. ಮೂಲ

ಈ ಶಬ್ದವು ಕನ್ನಡಕ್ಕೆ ಇಂಗ್ಲಿಷಿನಿಂದ ಬಂದುದು. ಇಂಗ್ಲಿಷಿಗೆ ಫ್ರೆಂಚಿನಿಂದ ಬಂದುದು. ಲ್ಯಾಟಿನ್ ಭಾಷೆಯಲ್ಲಿ ‘ಹೊಸ್ಪೆಸ್’ ಎಂದರೆ ಅತಿಥಿ. ಅತಿಥಿಯನ್ನು ಸತ್ಕರಿಸುವವನೂ ಅದೇ ಶಬ್ದದಿಂದ ವಾಚ್ಯನಾಗುತ್ತಿದ್ದನು. ಅದರಿಂದ ಹುಟ್ಟಿದ ‘ಹೊಸ್ಪಿಟಾಲೆ’ ಎಂಬುದು ಅತಿಥಿಗಳಿಗೆ ಎಡೆಗೊಡುವ ಮನೆ. ಇದು ಹಳೆಯ ಫ್ರೆಂಚಿನಲ್ಲಿ ‘ಹೊಸ್ತೆಲ್’ ಎಂದಾಗಿ, ಸಕಾರವು ಲೋಪಿಸಿ, ಹೊಸ ಫ್ರೆಂಚಿನಲ್ಲಿ ‘ಓತೆಲ್’ ಎಂದು ಉಚ್ಚರಿತವಾಗುವುದು. ಆ ಭಾಷೆಯ ಬರವಣಿಗೆಯಲ್ಲಿ ಓಕಾರದ ಮೇಲೆ ಇಡುವ ಚಿಹ್ನೆಯು ಹೋದ ಸಕಾರದ ಗುರುತು.

ಫ್ರೆಂಚಿನಲ್ಲಿಯೂ ಇದರ ಅರ್ಥ ಒಂದೇ ಆಗಿಲ್ಲ. ನಗರದಲ್ಲಿರುವ ಶ್ರೀಮಂತರ ಮಹಾಗೃಹಕ್ಕೆ ಈ ಹೆಸರುಂಟು. ‘ಓತೆಲ್ ದ ವಿಲ್’ ಎಂದರೆ ಪುರಭವನ. ‘ಓತೆಲ್ ದ್ಯೂ’ ಎಂದರೆ ಧರ್ಮಾರ್ಥವಾದ ಆಸ್ಪತ್ರೆ. ದೊಡ್ಡ ಮನೆತನದ ಊಟೋಪಚಾರಗಳ ಮೇಲ್ವಿಚಾರಕನು ‘ಮೇತ್ರ್ ದೊತೆಲ್’ ಎನಿಸಿಕೊಂಡನು. ಆತನ ಹೆಸರೇ ಬೆಣ್ಣೆ, ನಿಂಬೆಯ ರಸ, ಪಾರ್ಸ್ಲಿ ಸೊಪ್ಪು ಇವನ್ನು ಕೂಡಿಸಿ ಮಾಡುವ ಒಂದು ವ್ಯಂಜನಕ್ಕೂ ಅಂಟಿತು. ಆದುದರಿಂದ ಶಬ್ದವು ಪಾಕಶಾಲೆಯ ಬಳಿಗೆ ಬಂದುದು ಕನ್ನಡ ನಾಡಿನಲ್ಲಿಯೇ ಮೊದಲಲ್ಲ.

ಇಂಗ್ಲಿಷ್ ಭಾಷೆಯು ಈ ಒಂದೇ ಕುಲದಿಂದ ಬೇರೆ ಬೇರೆ ಕಾಲಗಳಲ್ಲಿ ಹಲವು ಶಬ್ದಗಳನ್ನು ತೆಗೆದುಕೊಂಡಿತು. ‘ಹಾಸ್ಪಿಟಲ್’, ‘ಹಾಸ್ಟೆಲ್’ ಎಂಬುವು ಮಧ್ಯಯುಗದವು. ‘ಹೋಟೆಲ್’ ಎಂಬುದು ೧೭ನೆಯ ಶತಮಾನದಲ್ಲಿ ಫ್ರೆಂಚರ ಮಹಾಗೃಹವೆಂಬ ಅರ್ಥದಿಂದ ಬಂದು, ೧೮ನೆಯ ಶತಮಾನದ ಉತ್ತರಾರ್ಧದಲ್ಲಿ ಉತ್ತಮ ತರಗತಿಯ ವಸತಿಗೃಹವೆಂಬ ಅರ್ಥವನ್ನು ಪಡೆಯಿತು. ಈ ಮೂರು ಸೋದರ ಶಬ್ದಗಳೂ ಕನ್ನಡದಲ್ಲಿ ಇವೆ. ಕನ್ನಡಿಗರು ಅವುಗಳಿಗೆ ಕೆಲಸವನ್ನು ಹಂಚಿಕೊಟ್ಟಿರುವ ಬಗೆ ಗಮನಾರ್ಹವಾದುದು: ರೋಗಿಯು ಇರುವುದು ಆಸ್ಪತ್ರೆ, ವಿದ್ಯಾರ್ಥಿಯು ಇರುವುದು ಹಾಸ್ಟೆಲು, ಹಸಿದವನು ಹೋಗುವುದು ಹೋಟೆಲು.

೨. ಕನ್ನಡದಲ್ಲಿ ಇದರ ರೂಪ

ವ್ಯಂಜನಾಂತವಾದ ಅನ್ಯದೇಶ್ಯ ಶಬ್ದಗಳು ಕನ್ನಡದಲ್ಲಿ ಸಾಮಾನ್ಯವಾಗಿ ಉಕಾರವನ್ನು ಪಡೆಯುವುವು, ಅಂತೆಯೇ ‘ಹೋಟೆಲು’. ‘ಹೊಟೇಲು’ ಎಂದು ಎರಡನೆಯ ಅಕ್ಷರವನ್ನು ಎಳೆದು ಬರೆಯುವುದೂ ಉಂಟು. ಇಂಗ್ಲಿಷ್ ಉಚ್ಚಾರಣೆಯಲ್ಲಿ ಒತ್ತು ಆ ಅಕ್ಷರದ ಮೇಲೆ ಬೀಳುವುದೇ ಇದಕ್ಕೆ ಕಾರಣವಾಗಿರಬಹುದು. ಈ ರೂಪಕ್ಕೂ ‘ಹೊಟ್ಟೆ’ ಎಂಬ ಅಚ್ಚಗನ್ನಡದ ಶಬ್ದಕ್ಕೂ ಸಂಬಂಧವನ್ನು ಕಲ್ಪಿಸುವುದು ವಿನೋದವೇ ಹೊರತು ನಿರುಕ್ತವಲ್ಲ.

ಆಡುಮಾತಿನಲ್ಲಿ ನಡುವಣ ಸ್ವರವು ಬಿದ್ದು, ಕುದುರೆಯು ‘ಕುದ್ರೆ’ ಆಗುವಂತೆ, ‘ಹೋಟ್ಲು’ ಎಂದಾಗುವುದು. ಹಾಸನದ ಸೀಮೆಯ ಹಳ್ಳಿಗಳಲ್ಲಿ ಹಾಲನ್ನು ‘ಆಲು’ ಎಂದೂ ಹೋಗುವುದನ್ನು ‘ಓಗು’ ಎಂದೂ ಹೇಳುವವರ ಬಾಯಲ್ಲಿ ಇದು ‘ಓಟ್ಲು’. ಫ್ರೆಂಚರೂ ಹಕಾರವನ್ನು ಉಚ್ಚರಿಸುವುದಿಲ್ಲವಾದರೂ ಇದು ಕೇವಲ ಕಾಕತಾಳೀಯ. ಎರಡು ಭಾಷೆಗಳು ತಮ್ಮ ತಮ್ಮ ಸ್ವಭಾವಕ್ಕನುಸಾರವಾಗಿ ಒಂದೇ ವರ್ಣವನ್ನು ಕಳೆದುಕೊಂಡಿವೆ. ಕೇಶಿರಾಜನು ‘ಶಬ್ದಮಣಿದರ್ಪಣ’ದ ಅಪಭ್ರಂಶಪ್ರಕರಣದಲ್ಲಿ ಸಂಸ್ಕೃತ ಶಬ್ದಗಳು ಕನ್ನಡವಾಗುವ ಕ್ರಮವನ್ನು ವಿವರಿಸಿರುವನು. ಪರಭಾಷೆಯ ಶಬ್ದವು ನಾಡಿನ ಬಾಯಿಗೆ ಹೊಂದಿಕೊಳ್ಳುವ ಆ ನ್ಯಾಯವು ಇಂಗ್ಲಿಷಿನಿಂದ ಬಂದ ಶಬ್ದಗಳಿಗೂ ಸಲ್ಲತಕ್ಕುದು.

ರೂಪಕ್ಕಿಂತ ಹೆಚ್ಚಾಗಿ ಅರ್ಥವನ್ನು ಬೆಳಗುವುದು ಈ ಶಬ್ದದೊಡನೆ ಕೂಡುವ ಕ್ರಿಯಾಪದ. ‘ಅವರು ಹೋಟೆಲು ಇಟ್ಟಿದ್ದಾರೆ’ ಎನ್ನುವರು; ‘ಅಂಗಡಿ ಇಟ್ಟಿದ್ದಾರೆ’ ಎನ್ನುವಂತೆಯೇ. ಛತ್ರವನ್ನಾದರೋ ಕಟ್ಟಿಸುವರು, ಅರವಟ್ಟಿಗೆಯನ್ನು ನಡೆಸುವರು. ಹೋಟೆಲು ಮನೆಯ ವರ್ಗಕ್ಕೆ ಸೇರದೆ ಅಂಗಡಿಯ ವರ್ಗಕ್ಕೆ ಸೇರಿತೆಂಬುದಕ್ಕೆ ಇದಕ್ಕಿಂತ ಬಲವಾದ ಸಾಕ್ಷ್ಯ ಬೇಕಿಲ್ಲ.

೩. ಅರ್ಥವು ಸಂಕುಚಿತವಾದುದರ ಕಾರಣ

ವಸತಿ ಮತ್ತು ಊಟ ಎರಡನ್ನೂ ಒಳಗೊಂಡಿದ್ದ ಶಬ್ದವು ಕನ್ನಡದಲ್ಲಿ ವಸತಿಯನ್ನು ಬಿಟ್ಟು ಊಟವನ್ನೇ ಏಕೆ ಹಿಡಿಯಿತು? ಭಾಷೆಯಲ್ಲಿ ಯಾವ ಎಡೆ ತೆರವಾಗಿದ್ದಿತೆಂಬುದನ್ನು ನೋಡಿದರೆ ಉತ್ತರವು ದೊರೆಯುವುದು.

ತಂಗುವ ಸ್ಥಳಕ್ಕೆ ಕನ್ನಡದಲ್ಲಿ ಹೆಸರುಗಳ ಕೊರತೆ ಇರಲಿಲ್ಲ. ಛತ್ರ, ಸತ್ರ, ಧರ್ಮಶಾಲೆ ಎಂಬುವು ಮೊದಲೇ ಇದ್ದುವು. ಮುಸಾಫರಖಾನೆ ಎಂಬುದು ಆಮೇಲೆ ಸೇರಿತು. ಇಂಗ್ಲಿಷರ ಆಡಳಿತದ ಕಾಲದಲ್ಲಿ ಅಧಿಕಾರಿಗಳಿಗಾಗಿ ‘ಬಂಗಲೆ’ ಬಂದಿತು. ಅನ್ನವನ್ನು ಕೊಡುವುದಕ್ಕೂ ಹೆಸರುಗಳಿದ್ದುವು: ಅನ್ನಸತ್ರ, ದಾಸೋಹ, ಸಂತರ್ಪಣೆ. ಆದರೆ ಇವೆಲ್ಲವೂ ದಾನಕ್ಕೆ ಸಂಬಂಧಿಸಿದುವು. ಬೇಯಿಸಿದ ಅನ್ನವನ್ನು ಬೆಲೆಗೆ ಮಾರುವುದು ಪುಣ್ಯಕ್ಕೆ ಹಾನಿಯೆಂಬ ಭಾವನೆಯು ಬಲವಾಗಿದ್ದ ಸಮಾಜದಲ್ಲಿ ಆ ವ್ಯಾಪಾರದ ಸ್ಥಳಕ್ಕೆ ಗೌರವದ ಹೆಸರು ಬೆಳೆಯಲಿಲ್ಲ. ಕಥೆಗಳಲ್ಲಿ ಬರುವ ‘ಅಡಗೂಲಜ್ಜಿ’ ಈ ಕೆಲಸವನ್ನು ಮಾಡುತ್ತಿದ್ದವಳು. ದಾರಿಗನಿಗೆ ಅಡಿಗೆಮಾಡಿ ಬಡಿಸುವ ಆ ಮುದುಕಿಯ ಹೆಸರಿನಲ್ಲಿ ‘ಅಡು’ ಎಂಬ ಧಾತುವು ಸ್ಪಷ್ಟವಾಗಿದೆ. ತೆಲುಗಿನಲ್ಲಿ ಒಂದು ಹೊತ್ತಿನ ಊಟವನ್ನು ಮಾರುವ ಮನೆಗೆ ‘ಪೂಟಕೂಳ್ಳ ಇಲ್ಲು’ ಎಂಬ ಹೆಸರುಂಟು. ಗುರಜಾಡ ಅಪ್ಪಾರಾವ್ ಅವರ ‘ಕನ್ಯಾಶುಲ್ಕಂ’ ನಾಟಕದ ಪೂಟಕೂಳ್ಳಮ್ಮನು ಈ ವೃತ್ತಿಯವಳು. ಕನ್ನಡದಲ್ಲಿ ಹೆಸರು ಆ ಹೆಂಗಸಿಗೆ ಸಂದಿತೇ ಹೊರತು ಮನೆಗೆ ಸಲ್ಲಲಿಲ್ಲ.

ಉತ್ತರ ಕರ್ನಾಟಕದಲ್ಲಿ ‘ಖಾನಾವಳಿ’ ಎಂಬ ಶಬ್ದವು ಈ ಎಡೆಯನ್ನು ತುಂಬಿತು. ಮೈಸೂರು ಸೀಮೆಯಲ್ಲಿ ‘ಹೋಟೆಲು’ ತುಂಬಿತು. ಸ್ವಲ್ಪ ಕಾಲ ‘ಕಾಫಿ ಕ್ಲಬ್ಬು’ ಎಂಬುದು ಇದರೊಡನೆ ಸ್ಪರ್ಧಿಸಿತು. ಪರದೇಶದ ಹೆಸರು ಬಂದುದರಿಂದ ಮಾರುವವನಿಗೆ ಅನ್ನವಿಕ್ರಯದ ಕಳಂಕವು ತಪ್ಪಿತು. ಕೊಳ್ಳುವವನಿಗೆ ದಾನವನ್ನು ತಿಂದನೆಂಬ ಸಂಕೋಚವು ತಪ್ಪಿತು. ದಕ್ಷಿಣ ಕನ್ನಡದಿಂದ ಘಟ್ಟವನ್ನೇರಿ ಬಂದವರು ಈ ವೃತ್ತಿಯನ್ನು ನಾಡಿನಲ್ಲೆಲ್ಲ ಹರಡಿದರು. ಬೆಂಗಳೂರಿನ ಮಾವಳ್ಳಿ ಟಿಫಿನ್ ರೂಮ್ ೧೯೨೪ರಲ್ಲಿಯೂ, ಬಸವನಗುಡಿಯ ವಿದ್ಯಾರ್ಥಿ ಭವನವು ೧೯೪೩ರಲ್ಲಿಯೂ ಆರಂಭವಾದುವು. ಇವುಗಳ ಹೆಸರಿನಲ್ಲಿ ‘ಹೋಟೆಲು’ ಎಂಬ ಶಬ್ದವಿಲ್ಲ. ಆದರೂ ಜನರು ಇವನ್ನು ಹೋಟೆಲುಗಳೆಂದೇ ಕರೆಯುವರು. ಜಾತಿವಾಚಕವಾಗಿ ಶಬ್ದವು ನಿಂತಿತೆಂಬುದಕ್ಕೆ ಇದು ನಿದರ್ಶನ.

ಈ ಬಗೆಯ ಅರ್ಥಾಂತರವು ಕನ್ನಡಕ್ಕೇ ವಿಶೇಷವಲ್ಲ. ತಮಿಳಿನಲ್ಲಿಯೂ ಮರಾಠಿಯಲ್ಲಿಯೂ ಹೋಟೆಲೆಂದರೆ ಮುಖ್ಯವಾಗಿ ತಿನ್ನುವ ಸ್ಥಳವೇ. ಆಸ್ಟ್ರೇಲಿಯ ದೇಶದಲ್ಲಿ, ಇಂಗ್ಲಿಷೇ ಮಾತೃಭಾಷೆಯಾಗಿರುವವರಲ್ಲಿ, ಮದ್ಯದ ಅಂಗಡಿಗೆ ಈ ಹೆಸರು ಸಂದಿದೆ; ಮದ್ಯವನ್ನು ಮಾರುವವರು ವಸತಿಯನ್ನೂ ಒದಗಿಸಬೇಕೆಂಬ ಹಿಂದಿನ ನಿಬಂಧನೆಯೇ ಅದಕ್ಕೆ ಕಾರಣ. ಅವರ ಪ್ರಯೋಗವನ್ನು ತಪ್ಪೆನ್ನದವರು ಹಾನುಬಾಳಿನ ಪ್ರಯೋಗವನ್ನು ತಪ್ಪೆನ್ನಲಾಗದು.

೪. ವಿಶೇಷಣಗಳಿಂದ ಆಗುವ ಭೇದ

ಶಬ್ದವು ವಿಶೇಷಣವಿಲ್ಲದೆ ನಿಂತಾಗ ಕಾಫಿ ತಿಂಡಿ ಊಟಗಳ ಸ್ಥಳವೆಂದೇ ಅರ್ಥ. ವಸತಿಯ ಅರ್ಥವು ಬೇಕಾದಾಗ ‘ದೊಡ್ಡ ಹೋಟೆಲು’, ‘ಸ್ಟಾರ್ ಹೋಟೆಲು’ ಎಂದು ವಿಶೇಷಣವನ್ನು ಸೇರಿಸಬೇಕಾಗುವುದು. ಅಥವಾ ‘ಲಾಡ್ಜು’ ಎಂಬ ಬೇರೆ ಶಬ್ದವನ್ನು ಹಿಡಿಯುವರು. ಸಕಲೇಶಪುರದ ಬೆಟ್ಟಗಳಿಗೆ ಪ್ರವಾಸಿಗಳು ಹೆಚ್ಚಾಗಿ ಬರಲು ತೊಡಗಿದ ಮೇಲೆ ‘ರೆಸಾರ್ಟು’, ‘ಹೋಂಸ್ಟೇ’ ಎಂಬುವು ವಸತಿಯ ಅರ್ಥವನ್ನು ಪೂರ್ತಿಯಾಗಿ ವಹಿಸಿಕೊಂಡಿವೆ. ಹೀಗೆ ಪರಸ್ಥಳದವರ ಸಂಪರ್ಕವು ಹೆಚ್ಚಿದರೂ ಹೋಟೆಲಿನ ಕನ್ನಡದ ಅರ್ಥವು ಕದಲಲಿಲ್ಲ; ಮತ್ತಷ್ಟು ದೃಢವಾಯಿತು.

‘ಮಿಲಿಟರಿ ಹೋಟೆಲು’ ಎಂದರೆ ಸೈನ್ಯಕ್ಕೆ ಸೇರಿದುದಲ್ಲ, ಮಾಂಸದೂಟವು ದೊರೆಯುವುದು. ‘ಉಡುಪಿ ಹೋಟೆಲು’ ಎಂಬಲ್ಲಿ ಉಡುಪಿಯು ಊರಿನ ಹೆಸರಾಗಿ ಉಳಿಯದೆ ಸಸ್ಯಾಹಾರದ ಒಂದು ಪಾಕಕ್ರಮದ ಹೆಸರಾಗಿದೆ. ಉಡುಪಿಯನ್ನೇ ಕಾಣದವನು ನಡೆಸಿದರೂ ಅದು ಉಡುಪಿ ಹೋಟೆಲೇ.

ಹೆಚ್ಚಿನ ವಿವೇಚನೆಯನ್ನು ಬೇಡುವುದು ‘ಬ್ರಾಹ್ಮಣರ ಹೋಟೆಲು’ ಎಂಬ ಪ್ರಯೋಗ. ಇಲ್ಲಿ ಷಷ್ಠೀ ವಿಭಕ್ತಿಯು ಎರಡರ್ಥಕ್ಕೆ ಎಡೆಗೊಡುವುದು. ಬ್ರಾಹ್ಮಣರು ಅಡಿಗೆಮಾಡಿ ನಡೆಸುವ ಹೋಟೆಲೆಂಬುದು ಒಂದರ್ಥ. ಬ್ರಾಹ್ಮಣರು ಉಣ್ಣುವ ಹೋಟೆಲೆಂಬುದು ಮತ್ತೊಂದು. ೨೦ನೆಯ ಶತಮಾನದ ಪೂರ್ವಾರ್ಧದಲ್ಲಿ ಈ ಎರಡನೆಯ ಅರ್ಥವೂ ವ್ಯವಹಾರದಲ್ಲಿದ್ದಿತು. ಒಳಗೆ ಬೇರೆ ಕೊಠಡಿಗಳಿದ್ದುವು. ಅಸ್ಪೃಶ್ಯರೆಂದು ದೂರ ಇಡಲ್ಪಟ್ಟವರಿಗೆ ಒಳಗೆ ಪ್ರವೇಶವೇ ಇರಲಿಲ್ಲ. ಹಳ್ಳಿಯ ಕಾಫಿ ಟೀ ಅಂಗಡಿಗಳಲ್ಲಿ ಅವರಿಗೆ ಬೇರೆ ಲೋಟವನ್ನು ಇಡುವ ಪದ್ಧತಿಯು ಬಹುಕಾಲ ಉಳಿಯಿತು. ಅತಿಥಿಯೆಂಬ ಮೂಲದಿಂದ ಹುಟ್ಟಿದ ಶಬ್ದದ ಬಾಗಿಲಲ್ಲಿಯೇ ಮನುಷ್ಯರನ್ನು ತಡೆದು ನಿಲ್ಲಿಸಲಾಗುತ್ತಿದ್ದಿತು.

೫. ಕಾನೂನಿನಲ್ಲಿ ಈ ಶಬ್ದ

ಇಲ್ಲಿಯೇ ಶಬ್ದಾರ್ಥದ ಪ್ರಶ್ನೆಯು ನಿಘಂಟಿನಿಂದ ಬೀದಿಗೆ ಇಳಿಯುವುದು. ೧೯೫೦ರಲ್ಲಿ ಜಾರಿಗೆ ಬಂದ ಭಾರತ ಸಂವಿಧಾನದ ೧೫ನೆಯ ಅನುಚ್ಛೇದವು ಜಾತಿ ಮೊದಲಾದ ಕಾರಣಗಳಿಂದ ಯಾರನ್ನೂ ಅಂಗಡಿ, ಸಾರ್ವಜನಿಕ ರೆಸ್ಟೋರೆಂಟು, ಹೋಟೆಲು ಮುಂತಾದವುಗಳ ಪ್ರವೇಶದಿಂದ ತಡೆಯಕೂಡದೆಂದು ವಿಧಿಸುವುದು. ಇಂಗ್ಲಿಷ್ ಮೂಲದಲ್ಲಿ ‘ರೆಸ್ಟೋರೆಂಟು’, ‘ಹೋಟೆಲು’ ಎಂಬುವನ್ನು ಪ್ರತ್ಯೇಕವಾಗಿ ಹೇಳಿದೆ. ಹಾಗಾದರೆ ಹಳ್ಳಿಯ ದಾರಿಯ ಬದಿಯ, ಹಾಸಿಗೆಯೂ ಇಲ್ಲದ, ರೆಸ್ಟೋರೆಂಟೆಂದು ಯಾರೂ ಕರೆಯದ, ಬೆಂಚಿನ ಮೇಲೆ ಕುಳಿತು ಕಾಫಿ ಕುಡಿಯುವ ಸ್ಥಳವು ಯಾವುದರಲ್ಲಿ ಸೇರಬೇಕು?

೧೯೫೫ರ ಅಸ್ಪೃಶ್ಯತಾ ಅಪರಾಧಗಳ ಕಾಯಿದೆಯು ಇಂಥ ಸಂಶಯಕ್ಕೆ ಎಡೆಯಿಲ್ಲದಂತೆ ಮಾಡಿತು. ಹೋಟೆಲೆಂಬ ಶಬ್ದದಲ್ಲಿ ಫಲಾಹಾರದ ಕೊಠಡಿ, ಊಟವಸತಿಯ ಮನೆ, ತಂಗುವ ಮನೆ, ಕಾಫಿಯ ಮನೆ, ಕೆಫೆ ಇವೆಲ್ಲವೂ ಸೇರುವುವೆಂದು ಆ ಕಾಯಿದೆಯ ಪರಿಭಾಷೆಯಲ್ಲಿ ಹೇಳಿದೆ. ಹೋಟೆಲು ಮೊದಲಾದೆಡೆಗಳಲ್ಲಿ ಸಾರ್ವಜನಿಕರಿಗಾಗಿ ಇಟ್ಟ ಪಾತ್ರೆಗಳನ್ನು ಬಳಸದಂತೆ ತಡೆಯುವುದನ್ನೂ ಅದು ಅಪರಾಧವಾಗಿ ಎಣಿಸಿತು. ಬೇರೆ ಲೋಟದ ಪದ್ಧತಿಯು ಮುಟ್ಟುವುದು ಈ ವಿಧಿಯನ್ನೇ. ೧೯೭೬ರಲ್ಲಿ ಈ ಕಾಯಿದೆಗೆ ನಾಗರಿಕ ಹಕ್ಕುಗಳ ಸಂರಕ್ಷಣೆಯ ಕಾಯಿದೆಯೆಂಬ ಹೆಸರು ಬಂದಿತು. ಶಾಸನವನ್ನು ರಚಿಸಿದವರು ಇಂಗ್ಲಿಷ್ ನಿಘಂಟಿನ ಅರ್ಥವನ್ನೇ ಹಿಡಿದು ನಿಂತಿದ್ದರೆ ರಕ್ಷಣೆಯು ಬೇಕಾಗಿದ್ದ ಎಡೆಯಲ್ಲಿಯೇ ಅದು ಕುಂಠಿತವಾಗುವ ಸಂಭವವಿದ್ದಿತು. ಜನರು ಯಾವುದನ್ನು ಹೋಟೆಲೆನ್ನುವರೋ ಅದನ್ನು ಶಾಸನವೂ ಹೋಟೆಲೆಂದು ಅಂಗೀಕರಿಸಿತು.

೬. ನೆರೆಯ ಶಬ್ದಗಳು

ಉಣ್ಣುವ ಸ್ಥಳಗಳಿಗೆ ಕನ್ನಡಕ್ಕೆ ಇಂಗ್ಲಿಷಿನ ಮೂಲಕ ಬಂದ ಇತರ ಶಬ್ದಗಳೂ ಬಹುಮಟ್ಟಿಗೆ ಫ್ರೆಂಚ್ ಮೂಲದವೇ. ‘ಮೆಸ್’ ಎಂಬುದು ಮೇಜಿನ ಮೇಲೆ ಇಟ್ಟ ಭಕ್ಷ್ಯವೆಂಬರ್ಥದ ಹಳೆಯ ಫ್ರೆಂಚ್ ಶಬ್ದದಿಂದ ಬಂದುದು. ಕನ್ನಡದಲ್ಲಿ ತಿಂಗಳ ಲೆಕ್ಕದಲ್ಲಿ ಗೊತ್ತಾದವರು ಉಣ್ಣುವ ಎಡೆಗೆ ಇದು ಸಲ್ಲುವುದು. ‘ಕ್ಯಾಂಟೀನು’ ಇಟಾಲಿಯನ್ ಭಾಷೆಯ ನೆಲಮಾಳಿಗೆಯಿಂದ ಹೊರಟು ಫ್ರೆಂಚನ್ನು ಹಾದು ಬಂದಿತು. ಕಚೇರಿ ಕಾರ್ಖಾನೆಗಳ ಉಪಾಹಾರದ ಎಡೆಯಾಗಿದ್ದ ಅದು ೨೦೧೭ರಲ್ಲಿ ಆರಂಭವಾದ ಇಂದಿರಾ ಕ್ಯಾಂಟೀನುಗಳಿಂದ ಅಗ್ಗದ ಊಟದ ಸಾರ್ವಜನಿಕ ಸ್ಥಳವೆಂಬ ಹೊಸ ಅರ್ಥವನ್ನೂ ಪಡೆಯಿತು. ‘ರೆಸ್ಟೋರೆಂಟು’ ಮೊದಲು ದೇಹಕ್ಕೆ ಬಲವನ್ನು ಮರಳಿಸುವ ಒಂದು ಸಾರಿನ ಹೆಸರು. ೧೮ನೆಯ ಶತಮಾನದ ಪ್ಯಾರಿಸಿನಲ್ಲಿ ಅದನ್ನು ಮಾರುವ ಮನೆಗೆ ಆ ಹೆಸರು ಅಂಟಿತು. ಕನ್ನಡದಲ್ಲಿ ಹೋಟೆಲಿಗಿಂತ ಹೆಚ್ಚು ಬೆಲೆಯ ಎಡೆಯೆಂಬ ಧ್ವನಿಯು ಅದಕ್ಕುಂಟು.

‘ಕೆಫೆ’ ಎಂಬುದರ ಕಥೆಯು ಕಾಫಿಯ ನಾಡಿಗೆ ಹತ್ತಿರವಾದುದು. ಅರಬ್ಬಿಯ ‘ಕಹ್ವಾ’ ಎಂಬುದು ತುರ್ಕಿಯನ್ನು ಹಾದು ಯೂರೋಪಿಗೆ ಹೋಗಿ, ಫ್ರೆಂಚಿನಲ್ಲಿ ಪಾನೀಯಕ್ಕೂ ಅದನ್ನು ಕುಡಿಯುವ ಮನೆಗೂ ಒಂದೇ ಹೆಸರಾಯಿತು. ಕನ್ನಡದಲ್ಲಿ ಪಾನೀಯವು ‘ಕಾಫಿ’, ಮನೆಯು ‘ಕೆಫೆ’. ೧೯೯೬ರಲ್ಲಿ ಬೆಂಗಳೂರಿನಲ್ಲಿ ಆರಂಭವಾದ ‘ಕೆಫೆ ಕಾಫಿ ಡೇ’ ಎಂಬ ಹೆಸರಿನಲ್ಲಿ ಒಂದೇ ಮೂಲದ ಎರಡು ಶಬ್ದಗಳು ಅಕ್ಕಪಕ್ಕದಲ್ಲಿ ನಿಂತಿವೆ. ಆದರೂ ಬೆಳೆಗಾರನೂ ತೋಟದ ಆಳೂ ಕಾಫಿಗೆ ಹೋಗುವುದು ಕೆಫೆಗಲ್ಲ, ಹೋಟ್ಲಿಗೆ.

೭. ಉಪಸಂಹಾರ

ಮೇಲಿನ ವಿಚಾರದಿಂದ ಸಿದ್ಧವಾಗುವುದೇನೆಂದರೆ, ‘ಹೋಟೆಲು’ ಎಂಬುದು ಕನ್ನಡದಲ್ಲಿ ಅಪಪ್ರಯೋಗವಲ್ಲ; ದೇಶ್ಯವಾಗಿ ಪರಿಣಮಿಸಿದ ಶಬ್ದ. ಕನ್ನಡ ನಿಘಂಟುಕಾರರು ಇದಕ್ಕೆ ಅರ್ಥವನ್ನು ಹೇಳುವಾಗ, ಬೆಲೆಗೆ ತಿಂಡಿ ಊಟ ಪಾನೀಯಗಳು ದೊರೆಯುವ ಸ್ಥಳವೆಂಬುದನ್ನು ಮೊದಲನೆಯದಾಗಿಯೂ, ವಿಶೇಷಣದೊಡನೆ ಬಂದಾಗ ವಸತಿಗೃಹವೆಂಬುದನ್ನು ಎರಡನೆಯದಾಗಿಯೂ ಕೊಡುವುದು ಯುಕ್ತ. ಉಪಾಧ್ಯಾಯರು ಇಂಗ್ಲಿಷಿನ ಅರ್ಥವನ್ನು ಇಂಗ್ಲಿಷ್ ಪಾಠದಲ್ಲಿ ಬೋಧಿಸಲಿ. ಕನ್ನಡದ ವಾಕ್ಯವನ್ನು ಅದರಿಂದ ತಿದ್ದಬೇಕಾಗಿಲ್ಲ. ಛತ್ರದಲ್ಲಿ ದಾನಿಯ ಇಚ್ಛೆಯೂ ಮನೆಯಲ್ಲಿ ಬಾಂಧವ್ಯವೂ ಪ್ರವೇಶವನ್ನು ನಿರ್ಣಯಿಸುತ್ತಿದ್ದುವು. ಹಣವನ್ನು ಕೊಟ್ಟ ಯಾರೇ ಆಗಲಿ ಕುಳಿತು ಉಣ್ಣಲು ಅಧಿಕಾರವುಳ್ಳ ಸ್ಥಳವೊಂದು ನಾಡಿಗೆ ಬೇಕಾಗಿದ್ದಿತು. ಅದಕ್ಕೆ ಕನ್ನಡಿಗರು ಇಟ್ಟುಕೊಂಡ ಹೆಸರು ಹೋಟೆಲು. ಆ ಅಧಿಕಾರವು ಹೆಸರಿನೊಡನೆಯೇ ಬರಲಿಲ್ಲ, ಶಾಸನದಿಂದ ಬರಬೇಕಾಯಿತು. ಶಬ್ದದ ಅರ್ಥವನ್ನು ಬೋಧಿಸುವವರು ಈ ಭಾಗವನ್ನೂ ಬೋಧಿಸತಕ್ಕುದು.