ನೆರಿಗೆಯ ಕಳ್ಳಿಗೆ ಹೆಸರೇನು?



ನಮ್ಮ ಗುರುನಿವಾಸದ ಜಗುಲಿಯಲ್ಲಿ ಒಂದು ಪುಟ್ಟ ಕುಂಡವಿದೆ. ಅದರಲ್ಲಿ ಕಿತ್ತಳೆ ಹಣ್ಣಿನ ಗಾತ್ರದ ಹಸಿರು ಉಂಡೆ. ಮೈತುಂಬ ಸೀರೆಯ ನೆರಿಗೆಯಂತೆ ಒತ್ತೊತ್ತಾದ, ಅಲೆಅಲೆಯಾದ ಏಣುಗಳು. ನೆತ್ತಿಯ ಮೇಲೆ ಉದ್ದುದ್ದ ಮುಳ್ಳುಗಳು. ನೋಡಿದವರೆಲ್ಲ ಕೇಳುವುದು ಒಂದೇ: "ಫಾದರ್, ಇದೂ ನಮ್ಮ ಬೇಲಿಯ ಕಳ್ಳಿಯೇ ಅಲ್ಲವೇ?"

ಅಲ್ಲ. ಬೇಲಿಯ ಚದುರಕಳ್ಳಿ, ಎಲೆಕಳ್ಳಿಗಳು ಔಡಲ ಗಿಡದ ಬಂಧುಗಳು. ಚುಚ್ಚಿದರೆ ಬಿಳಿ ಹಾಲು ಸುರಿಯುತ್ತದೆ. ಅದು ಕಣ್ಣಿಗೆ ಅಪಾಯ. ಕೆಲವು ಕ್ಯಾಕ್ಟಸ್‌ಗಳಲ್ಲೂ ಹಾಲು ಉಂಟು, ಆದ್ದರಿಂದ ಹಾಲು ನೋಡಿ ತೀರ್ಮಾನಿಸಬೇಡಿ. ನಿಜವಾದ ಕ್ಯಾಕ್ಟಸ್‌ನಲ್ಲಿ ಮುಳ್ಳುಗಳು ಹತ್ತಿಯಂಥ ಒಂದು ಸಣ್ಣ ಮೆತ್ತೆಯಿಂದ ಗೊಂಚಲಾಗಿ ಹೊರಡುತ್ತವೆ. ಅದೇ ಗುರುತು. ಅಮೆರಿಕ ಖಂಡದಿಂದ ಬಂದ ನಮ್ಮ ಪಾಪಾಸುಕಳ್ಳಿಯಲ್ಲಿಯೂ ಇದನ್ನು ಕಾಣಬಹುದು.

ಜಗುಲಿಯ ಈ ಅತಿಥಿಯ ತವರು ಮೆಕ್ಸಿಕೋ. ಅಲ್ಲಿನ ಸಾನ್ ಲೂಯಿಸ್ ಪೊಟೋಸಿ, ಹಿಡಾಲ್ಗೊ, ಸಾಕಾಟೆಕಾಸ್ ಮೊದಲಾದ ಪ್ರಾಂತ್ಯಗಳ ಎತ್ತರದ ಒಣ ಬಯಲುಗಳಲ್ಲಿ, ಹುಲ್ಲಿನ ನಡುವೆ ಬೆಳೆಯುತ್ತದೆ. 1841ರಲ್ಲಿ ಲಾರೆನ್ಸ್ ಎಂಬವರು ಈ ಗುಂಪಿಗೆ 'ಎಕಿನೋಫೋಸುಲೋಕ್ಯಾಕ್ಟಸ್' ಎಂಬ ಹೆಸರನ್ನು ಬಳಸಿದರು. ಹೇಳಿ ಮುಗಿಸುವಷ್ಟರಲ್ಲಿ ಪೂಜೆಯ ಗಂಟೆ ಬಾರಿಸಿಬಿಡುತ್ತದೆ! 1929ರಲ್ಲಿ ಬರ್ಗರ್ ಎಂಬ ವಿದ್ವಾಂಸರು 'ಸ್ಟೆನೋಕ್ಯಾಕ್ಟಸ್' ಎಂಬ ಹೆಸರನ್ನು ನೆಲೆಗೊಳಿಸಿದರು. ಗ್ರೀಕ್ ಭಾಷೆಯಲ್ಲಿ 'ಸ್ಟೆನೋಸ್' ಎಂದರೆ ಕಿರಿದು. ಏಣುಗಳು ತೆಳ್ಳಗಿರುವುದರಿಂದ ಈ ಹೆಸರು.

ಏಣುಗಳು ಬರೀ ಅಲಂಕಾರವಲ್ಲ. ಮಳೆ ಬಂದಾಗ ಗಿಡ ನೀರು ಹೀರಿ ಉಬ್ಬುತ್ತದೆ, ಬರಗಾಲದಲ್ಲಿ ಕುಗ್ಗುತ್ತದೆ. ನಮ್ಮ ಗಾಯನ ಮಂಡಳಿಯ ಹಾರ್ಮೋನಿಯಂ ತಿದಿಯಂತೆ ಮೈ ಹರಿಯದೆ ಹಿಗ್ಗಲು ಈ ನೆರಿಗೆಗಳು ಬೇಕು. ನೆತ್ತಿಯನ್ನು ಮುಚ್ಚುವ ಮುಳ್ಳುಗಳು ಎಳೆಯ ಭಾಗಕ್ಕೆ ನೆರಳು ಕೊಡುತ್ತವೆ.

ಬಗೆಗಳನ್ನು ಗುರುತಿಸುವುದು ಹೇಗೆ? ಮೊದಲು ಏಣುಗಳನ್ನು ಎಣಿಸಿ. ಹತ್ತು-ಹದಿನೈದು ದಪ್ಪ ಏಣುಗಳಿದ್ದು ಅಲೆ ಅಷ್ಟಾಗಿ ಇಲ್ಲದಿದ್ದರೆ ಅದು ಕಾಪ್ಟೋನೋಗೋನಸ್. ಕಾಗದದಂತೆ ತೆಳುವಾದ ಏಣುಗಳು ನೂರರ ಆಸುಪಾಸಿನಲ್ಲಿದ್ದರೆ ಮಲ್ಟಿಕೋಸ್ಟಾಟಸ್, ನೋಡಲು ಮಿದುಳಿನಂತಿರುತ್ತದೆ. ಉಳಿದವುಗಳಲ್ಲಿ ಸಾಮಾನ್ಯವಾಗಿ ಮೂವತ್ತು-ನಲವತ್ತು. ಅವುಗಳಲ್ಲಿ ಮುಳ್ಳು ನೋಡಬೇಕು. ನಡುಮುಳ್ಳು ಹುಲ್ಲಿನ ಎಸಳಿನಂತೆ ಚಪ್ಪಟೆಯಾಗಿ ಉದ್ದವಿದ್ದು, ಹೂ ಸಣ್ಣದಾಗಿ ಮಾಸಲು ಹಳದಿ ಇದ್ದರೆ ಫಿಲ್ಲಕ್ಯಾಂಥಸ್. ಸುತ್ತ ಬಿಳಿ ಸೂಜಿಮುಳ್ಳು ದಟ್ಟವಾಗಿದ್ದರೆ ವೌಪೇಲಿಯಾನಸ್. ತಿಳಿ ನೇರಳೆ ಎಸಳಿನ ನಡುವೆ ಕಡು ಗೆರೆ ಇದ್ದರೆ ಬಹುಪಾಲು ಕ್ರಿಸ್ಪಾಟಸ್. ಆದರೆ ಒಂದೇ ಬಗೆಯಲ್ಲಿ ರೂಪಗಳು ಹಲವು. ಎಳೆಯ ಸಸಿಯಲ್ಲಿ ನೆರಿಗೆಯೇ ಇರುವುದಿಲ್ಲ. ಹಿಂದಿನವರು ಒಂದೊಂದು ರೂಪಕ್ಕೂ ಒಂದೊಂದು ಹೆಸರಿಟ್ಟರು. ಅವುಗಳಲ್ಲಿ ಹೆಚ್ಚಿನವನ್ನು ಈಗ ಕೆಲವೇ ಬಗೆಗಳಲ್ಲಿ ಸೇರಿಸಿದ್ದಾರೆ.

ಸಾಕುವವರಿಗೆ ಒಂದು ಮಾತು. ನನ್ನ ಮೊದಲನೆಯ ಗಿಡಕ್ಕೆ ಪ್ರೀತಿಯಿಂದ ದಿನವೂ ನೀರೆರೆದೆ. ಮೇಲೆ ಹಸಿರಾಗಿಯೇ ಇತ್ತು. ಮುಟ್ಟಿದಾಗ ಬುಡ ಕೊಳೆತು ಕೈಗೆ ಬಂತು. ಮರಳು ಬೆರೆತ ಮಣ್ಣು, ಒಳ್ಳೆಯ ಬೆಳಕು, ಪೂರ್ತಿ ಒಣಗಿದ ಮೇಲೆ ನೀರು, ಚಳಿಗಾಲದಲ್ಲಿ ಉಪವಾಸ, ಮಳೆಗಾಲದಲ್ಲಿ ಮಾಡಿನ ಆಸರೆ, ಇಷ್ಟು ಸಾಕು. ಬೀಜದಿಂದ ಬೆಳೆಸಿದ ಗಿಡವನ್ನೇ ಕೊಳ್ಳಿ. ಬಯಲಿನಿಂದ ಕದ್ದು ಕಿತ್ತದ್ದು ಬೇಡ. 1975ರಿಂದ ಜಾರಿಯಲ್ಲಿರುವ ಸೈಟಿಸ್ ಒಪ್ಪಂದದ ರಕ್ಷಣೆ ಹೆಚ್ಚುಕಡಿಮೆ ಎಲ್ಲ ಕ್ಯಾಕ್ಟಸ್‌ಗಳಿಗೂ ಇದೆ.

ಎರಡನೆಯ ಗಿಡದ ಏಣುಗಳನ್ನು ನಾನು ಮೂರು ಬಾರಿ ಎಣಿಸಿ ತಪ್ಪಿದೆ. ಅಲೆಗಳ ನಡುವೆ ಕಣ್ಣು ದಾರಿ ತಪ್ಪುತ್ತದೆ. ಧರ್ಮೋಪದೇಶ ತರಗತಿಯ ಒಬ್ಬ ಹುಡುಗ ಹತ್ತಿರ ಬಂದು ನಿಂತ. ಪಾಠ ತಲೆಗೆ ಹತ್ತದವ, ಒಂದೆಡೆ ಕೂರದವ ಎಂದು ನಾವೆಲ್ಲ ಹೆಸರಿಟ್ಟಿದ್ದ ಹುಡುಗ, ನಾನೂ ಇಟ್ಟಿದ್ದೆ. ಅವನು ಕುಂಡದ ಅಂಚಿಗೆ ಸೀಮೆಸುಣ್ಣದಿಂದ ಗುರುತು ಮಾಡಿ, ಅಲ್ಲಿಂದ ಹೊರಟು ಅಲ್ಲಿಗೇ ಬಂದ. "ಮೂವತ್ತಾರು, ಫಾದರ್." ಇನ್ನೊಮ್ಮೆ ಎಣಿಸಿದ. ಮೂವತ್ತಾರೇ. ಅರ್ಧ ಗಂಟೆ ಅಲ್ಲಾಡದೆ ಕೂತಿದ್ದ.

ತಪಸ್ಸುಕಾಲದ ಆರಂಭದಲ್ಲಿ ಮುಳ್ಳುಗಳ ನಡುವಿನಿಂದ ನೇರಳೆ ಗೆರೆಯ ಹೂ ಅರಳಿತು. ಕ್ರಿಸ್ಪಾಟಸ್ ಎಂದು ಚೀಟಿ ಬರೆದು ಕುಂಡಕ್ಕೆ ಸಿಕ್ಕಿಸಿದೆವು. ಹುಡುಗನಿಗೆ ನಾನಿಟ್ಟಿದ್ದ ಹೆಸರನ್ನು ಮಾತ್ರ ಹಿಂತೆಗೆದುಕೊಂಡೆ. ಒಂದು ಗಿಡದ ಹೆಸರು ತಿಳಿಯಲು ಹೂ ಬಿಡುವ ತನಕ ಕಾಯುತ್ತೇವೆ. ನಮ್ಮ ಮನೆಯ ಮಕ್ಕಳಿಗೂ ಅಷ್ಟು ಕಾಲಾವಕಾಶ ಕೊಡೋಣ. ದೇವರು ನಮಗೆ ಕೊಡುತ್ತಿರುವುದೂ ಅದನ್ನೇ ಅಲ್ಲವೇ?