ಕಂದಕದೊಳಗೆ ಚಾಪ್ಲಿನ್

ಡ್ರಿಲ್ ಮೈದಾನ. ಎಲ್ಲರ ಪಾದವೂ ನೆಟ್ಟಗೆ. ಒಬ್ಬನದು ಮಾತ್ರ ಆ ಕಡೆ ಒಂದು, ಈ ಕಡೆ ಒಂದು! ಸಾರ್ಜೆಂಟ್ ಎಷ್ಟು ಗದರಿದರೂ ಅಷ್ಟೇ. ಮೈಮೇಲೆ ಸಮವಸ್ತ್ರ ಬಂದಿದೆ, ನಡಿಗೆ ಅದೇ ಹಳೇ ಚಾರ್ಲಿದು.

1918ರಲ್ಲಿ ಬಂದ ಚಾರ್ಲಿ ಚಾಪ್ಲಿನ್ ಅವರ ಮೂಕಿ ಚಿತ್ರ ‘ಶೋಲ್ಡರ್ ಆರ್ಮ್ಸ್’ ಇದು. ಆಗಿನ್ನೂ ಮೊದಲ ಮಹಾಯುದ್ಧ ಮುಗಿದಿರಲಿಲ್ಲ. ಚಾಪ್ಲಿನ್ ಸೇನೆಗೆ ಸೇರಲಿಲ್ಲ ಅಂತ ಬ್ರಿಟನ್ನಿನಲ್ಲಿ ಕೆಲವರು ಮೂಗು ಮುರೀತಿದ್ದರು. ಅಂಥ ಹೊತ್ತಲ್ಲಿ ಸೈನಿಕರ ಮೇಲೇ ಕಾಮಿಡಿ! ಧೈರ್ಯ ನೋಡಿ.

ಈಗ ಈ ಸೀನ್ ಗಮನಿಸಿ. ಮಳೆಗೆ ಬಂಕರ್ ತುಂಬಿದೆ, ಮಂಚವೇ ಮುಳುಗಿದೆ. ಚಾರ್ಲಿ ಏನ್ ಮಾಡ್ತಾನೆ? ತೊಪ್ಪೆಯಾದ ದಿಂಬನ್ನ ನೀಟಾಗಿ ತಟ್ಟಿ ಸರಿಮಾಡ್ತಾನೆ. ಒದ್ದೆ ಕಂಬಳಿ ಹೊದೀತಾನೆ. ಆಮೇಲೆ ಗ್ರಾಮಫೋನಿನ ಕೊಳವೆ ಬಾಯಿಗಿಟ್ಟುಕೊಂಡು, ಉಸಿರಾಡ್ತಾ ನೀರೊಳಗೇ ನಿದ್ದೆ!

ನಗು ಬರೋದು ಮುಳುಗಿದ್ದಕ್ಕಲ್ಲ, ಆ ದಿಂಬು ತಟ್ಟಿದ್ದಕ್ಕೆ. ಕಂದಕಗಳಲ್ಲಿ ನಿಜವಾದ ಸೈನಿಕರು ಮೊಣಕಾಲುದ್ದ ಕೆಸರಲ್ಲಿ ನಿಂತೇ ದಿನ ಕಳೀತಿದ್ದರು. ಅವರ ಪಾಡನ್ನ ಚಾಪ್ಲಿನ್ ಆಡಿಕೊಳ್ಳಲಿಲ್ಲ, ಅದರೊಳಗೇ ಇಳಿದರು.

ಬಾಟಲಿ ತೆರೆಯಬೇಕೇ? ಕಂದಕದಿಂದ ಮೇಲೆತ್ತಿದರೆ ಸಾಕು, ಶತ್ರುವಿನ ಗುಂಡೇ ಅದರ ಕತ್ತು ಹಾರಿಸುತ್ತೆ. ಪಾರ್ಸೆಲ್‌ನಲ್ಲಿ ಬಂದ ನಾರೋ ಚೀಸು? ಗ್ಯಾಸ್ ಮಾಸ್ಕ್ ಹಾಕಿಕೊಂಡು ಜರ್ಮನ್ನರ ಕಡೆಗೆ ಎಸೆತ! ಮರದ ಬೊಡ್ಡೆಯ ವೇಷವೂ ಇದೆ. ಕೊನೆಗೆ ಜರ್ಮನಿಯ ಚಕ್ರವರ್ತಿ ಕೈಸರ್‌ನನ್ನೇ ಹಿಡಿದು ತರ್ತಾನೆ. ಆ ಕೈಸರ್ ಯಾರು ಗೊತ್ತಾ? ಚಾಪ್ಲಿನ್ ಅವರ ಅಣ್ಣ ಸಿಡ್ನಿ.

ಅಷ್ಟರಲ್ಲಿ ಎಚ್ಚರ. ಎಲ್ಲಾ ಕನಸು!

ಚಿತ್ರ ತೆರೆಕಂಡಿದ್ದು ಅಕ್ಟೋಬರ್ 20ಕ್ಕೆ, ಕದನವಿರಾಮ ನವೆಂಬರ್ 11ಕ್ಕೆ. ಮನೆಗೆ ಮರಳಿದ ಸೈನಿಕರೂ ಇದನ್ನ ನೋಡಿ ನಕ್ಕರು. ಪೂರ್ತಿ ಚಿತ್ರ ಒಂದು ಗಂಟೆಯೂ ಇಲ್ಲ, ನೋಡಿ.