ಒದ್ದರೆ ಅಶೋಕ, ನಕ್ಕರೆ ಸಂಪಿಗೆ!

ಚೆಲುವೆಯೊಬ್ಬಳು ಕಾಲಿಂದ ಒದೆಯಬೇಕು, ಆಗಲೇ ಅಶೋಕ ಹೂ ಬಿಡುವುದು. ಬಕುಳಕ್ಕೆ ಅವಳು ಬಾಯಿ ತುಂಬ ಮದ್ಯ ಮುಕ್ಕಳಿಸಿ ಉಗುಳಬೇಕು. ತಿಲಕಕ್ಕೆ ಅವಳ ನೋಟ ಬೇಕು, ಕುರವಕಕ್ಕೆ ಅಪ್ಪುಗೆ. ಪ್ರಿಯಂಗುವನ್ನು ಮುಟ್ಟಬೇಕು, ಮಂದಾರದೊಡನೆ ಸರಸದ ಮಾತಾಡಬೇಕು, ಮಾವಿಗೆ ಉಸಿರು ತಾಗಿಸಬೇಕು. ನಮೇರುವಿಗೆ ಹಾಡು, ಕರ್ಣಿಕಾರಕ್ಕೆ ಕುಣಿತ. ಸಂಪಿಗೆ ಮಾತ್ರ ಪಾಪ, ಒಂದು ನಗುವಿಗೇ ಬಿರಿದುಬಿಡುತ್ತದೆ!

ಹತ್ತು ಗಿಡಮರ, ಹತ್ತು ಹಟ! ಇದು ಯಾವುದೋ ಹಾಲಿವುಡ್ ಸಿನಿಮಾದ ಮಾಯಾಕಾಡಲ್ಲ. ನಮ್ಮ ಸಂಸ್ಕೃತ ಕವಿಗಳು ಶತಮಾನಗಟ್ಟಲೆ ನೀರೆರೆದು ಬೆಳೆಸಿದ ತೋಟ. ಮೇಘದೂತಕ್ಕೆ ವ್ಯಾಖ್ಯಾನ ಬರೆದ ಮಲ್ಲಿನಾಥ ಈ ಪಟ್ಟಿಯನ್ನೇ ಒಂದು ಶ್ಲೋಕದಲ್ಲಿ ಕೊಡುತ್ತಾನೆ. ಬಸುರಿಯ ಬಯಕೆಗಿರುವ ‘ದೋಹದ’ ಎಂಬ ಹೆಸರೇ ಮರದ ಬಯಕೆಗೂ ಇದೆ. ತೀರಿಸಿದಿರೋ, ಹೂವು. ಇಲ್ಲವೋ, ಬರೀ ಎಲೆ!

ಈ ಬಯಕೆ ತೀರಿಸುವ ಶಾಸ್ತ್ರ ಹೇಗೆ ನಡೆಯುತ್ತಿತ್ತು? ಕಾಳಿದಾಸನ ‘ಮಾಲವಿಕಾಗ್ನಿಮಿತ್ರ’ದ ಮೂರನೆಯ ಅಂಕಕ್ಕೆ ಬನ್ನಿ. ಅರಮನೆ ತೋಟದ ಅಶೋಕ ಮುನಿಸಿಕೊಂಡಿದೆ. ಒದೆಯಬೇಕಾದವಳು ಪಟ್ಟದರಸಿ ಧಾರಿಣಿ. ಆದರೆ ಉಯ್ಯಾಲೆಯಿಂದ ಬಿದ್ದು ಅವಳ ಕಾಲು ನೋಯುತ್ತಿದೆ. ಹಾಗಾಗಿ ಆ ಕೆಲಸ ಅವಳ ಸೇವೆಯಲ್ಲಿರುವ ಮಾಲವಿಕೆಯ ಪಾಲಿಗೆ ಬರುತ್ತದೆ. ಐದು ರಾತ್ರಿಯೊಳಗೆ ಹೂ ಕಾಣಿಸಿದರೆ ಅವಳ ಮನದಾಸೆ ನಡೆಸಿಕೊಡುವುದಾಗಿ ರಾಣಿಯ ಮಾತು. ಗೆಳತಿ ಬಕುಲಾವಲಿಕೆ ಕುಳಿತು ಮಾಲವಿಕೆಯ ಪಾದಕ್ಕೆ ಅರಗಿನ ಕೆಂಪು ಬಳಿಯುತ್ತಾಳೆ, ಗೆಜ್ಜೆ ತೊಡಿಸುತ್ತಾಳೆ. ಮರೆಯಲ್ಲಿ ನಿಂತ ರಾಜ ಅಗ್ನಿಮಿತ್ರನಿಗೋ, ಆ ಹಸಿ ಬಣ್ಣವನ್ನು ತಾನೇ ಊದಿ ಒಣಗಿಸುವ ಆಸೆ! ಮಾಲವಿಕೆ ಅಶೋಕದ ಚಿಗುರೊಂದನ್ನು ಕಿವಿಗೆ ಸಿಕ್ಕಿಸಿಕೊಂಡು ಮರಕ್ಕೆ ಕಾಲು ತಾಗಿಸುತ್ತಾಳೆ.

ಹೆಣ್ಣು ಮತ್ತು ಮರದ ಈ ನಂಟು ಸರಸಕ್ಕಷ್ಟೇ ಮೀಸಲೇನೂ ಅಲ್ಲ. ‘ಶಾಕುಂತಲ’ದ ನಾಲ್ಕನೆಯ ಅಂಕದಲ್ಲಿ ಶಕುಂತಲೆ ಗಂಡನ ಮನೆಗೆ ಹೊರಟಾಗ ಆಶ್ರಮದ ಮರಗಳು ರೇಷ್ಮೆ ಸೀರೆ, ಒಡವೆ ಕೊಡುತ್ತವೆ. ಬಳ್ಳಿಗಳು ಹಣ್ಣೆಲೆ ಉದುರಿಸಿ ಕಣ್ಣೀರಿಡುತ್ತವೆ. ತವರಿನ ಅಳುವನ್ನೂ ಗಿಡಬಳ್ಳಿಗಳೇ ಅತ್ತವು!

ಕಾಳಿದಾಸನ ಕಾಲಕ್ಕೆ ಈ ನಂಟು ಹಳೆಯ ಮಾತೇ ಆಗಿತ್ತು. ಅವನಿಗಿಂತ ನೂರಾರು ವರ್ಷ ಮೊದಲೇ, ಕ್ರಿಸ್ತಪೂರ್ವದ ಭಾರ್ಹುತ್ ಸ್ತೂಪದಲ್ಲಿ ಯಕ್ಷಿಯೊಬ್ಬಳು ಹೂಬಿಟ್ಟ ಮರವನ್ನು ಕೈಯಿಂದಲೂ ಕಾಲಿಂದಲೂ ಬಳಸಿ ನಿಂತಿದ್ದಾಳೆ. ಕೊಲ್ಕತ್ತದ ಇಂಡಿಯನ್ ಮ್ಯೂಸಿಯಮ್ಮಿಗೆ ಹೋದರೆ ಇವತ್ತಿಗೂ ಅವಳನ್ನು ಕಾಣಬಹುದು. 1117ರ ಬೇಲೂರಿನ ಗುಡಿಯಲ್ಲೂ ಮದನಿಕೆಯರ ತಲೆಯ ಮೇಲೆ ಎಲೆಬಳ್ಳಿಗಳ ಚಪ್ಪರ ಹಬ್ಬಿದೆ. ಹೆಣ್ಣು ಮತ್ತು ಮರದ ಜೋಡಿಯನ್ನು ನಮ್ಮ ಶಿಲ್ಪಿಗಳು ಬಿಟ್ಟುಕೊಡಲೇ ಇಲ್ಲ.

‘ಇದೆಲ್ಲ ಕವಿಗಳ ಕಟ್ಟುಕತೆ’ ಅನ್ನುತ್ತೀರಾ? ಹೌದು, ಕಟ್ಟುಕತೆಯೇ. ಆದರೆ ನಿಜವಾದ ಅಚ್ಚರಿ ಇಲ್ಲೇ ಇದೆ. ‘ಕುಮಾರಸಂಭವ’ದ ಮೂರನೆಯ ಸರ್ಗದಲ್ಲಿ ಶಿವನ ತಪೋವನಕ್ಕೆ ವಸಂತ ಅಕಾಲದಲ್ಲಿ ನುಗ್ಗುತ್ತಾನೆ. ಆಗ ಅಶೋಕ ಗೆಜ್ಜೆಗಾಲಿಗೂ ಕಾಯದೆ ಹೂ ಬಿಟ್ಟಿತು ಎನ್ನುತ್ತಾನೆ ಕಾಳಿದಾಸ. ಎಲ್ಲಿಂದ? ಕಾಂಡದಿಂದಲೇ!

ಅಬ್ಬಾ, ಕವಿಯ ಕಣ್ಣೇ! ಈಗ ನಿಜವಾದ ಅಶೋಕದ ಹತ್ತಿರ ಹೋಗಿ. ಗೇಟಿನ ಪಕ್ಕ ಕಂಬದಂತೆ ನೆಟ್ಟಗೆ ನಿಂತು ಎಲೆ ಇಳಿಬಿಟ್ಟಿರುವ ಆ ಮರವಲ್ಲ, ಅದಕ್ಕೆ ಸುಮ್ಮನೆ ಈ ಹೆಸರು ಅಂಟಿದೆ. ನಮಗೆ ಬೇಕಾದ್ದು ಸೀತಾ ಅಶೋಕ, ಹಳಗನ್ನಡದವರ ಅಸುಗೆ. ಫೆಬ್ರವರಿ ಕಳೆಯುವ ಹೊತ್ತಿಗೆ ಅದರ ಕಾಂಡ ನೋಡಿ. ಒರಟು ತೊಗಟೆಯನ್ನು ಸೀಳಿಕೊಂಡು, ಎಲೆಯ ಹಂಗಿಲ್ಲದೆ, ಗೊಂಚಲು ಗೊಂಚಲು ಹೂವು! ಅರಳುವಾಗ ಹಳದಿ ಬೆರೆತ ಕಿತ್ತಳೆ, ದಿನ ಕಳೆದಂತೆ ಅರಗಿನಷ್ಟು ಕೆಂಪು. ನಾವು ದಳವೆಂದುಕೊಳ್ಳುವುದು ದಳವೇ ಅಲ್ಲ, ಬಣ್ಣ ಪಡೆದ ಪುಷ್ಪಪತ್ರ. ಹೂವಿನಿಂದಾಚೆಗೆ ಮೀಸೆಯಂತೆ ಚಾಚಿದ ಕೇಸರಗಳು ಬೇರೆ. ಹಳೆಯ ತೊಗಟೆಯಡಿ ಮಲಗಿದ್ದ ಮೊಗ್ಗು ಎದ್ದು ಹೂವಾಗುವ ಈ ಬಗೆ ಹಲಸಿನಲ್ಲೂ ಉಂಟು. ಹಲಸಿನ ಕಾಯಿ ಕಾಂಡಕ್ಕೇ ಕಚ್ಚಿಕೊಳ್ಳುವುದು ಇದರಿಂದಲೇ.

ಈಗ ಯೋಚಿಸಿ! ಒದೆಯುವ ಕಾಲು ತಾಗುವುದು ಮರದ ಯಾವ ಭಾಗಕ್ಕೆ? ಕಾಂಡಕ್ಕೆ. ಹೂವು ಬರುವುದೂ ಅಲ್ಲಿಂದಲೇ. ಅದೂ ಹೆಜ್ಜೆಗೆ ಬಳಿದ ಅರಗಿನದೇ ಬಣ್ಣದಲ್ಲಿ! ಈ ಕಲ್ಪನೆಯನ್ನು ಮೊದಲು ಹೆಣೆದವರು ಅಶೋಕವನ್ನು ಅಂಗುಲಂಗುಲ ನೋಡಿದವರೇ ಇರಬೇಕು ಅನ್ನಿಸುವುದಿಲ್ಲವೇ? ಪಟ್ಟಿಯ ಹತ್ತಕ್ಕೂ ಇಂಥ ಸುಳಿವು ಸಿಗದು. ಆದರೆ ಉದುರಿ ಒಣಗಿದ ಮೇಲೂ ಗಮ್ಮೆನ್ನುವ ಬಕುಳ, ನಮ್ಮ ರೆಂಜೆ ಹೂ, ಮದ್ಯವನ್ನೇ ಕೇಳಿತೆಂದರೆ ನನಗಂತೂ ಸೋಜಿಗವಿಲ್ಲ.

ಮಾಲವಿಕೆಯ ಕತೆ ಏನಾಯಿತು? ಮರದ ಆಸೆ ತೀರಿತು, ಇನ್ನು ನನ್ನದೂ ತೀರಿಸು ಎಂದು ರಾಜ ಮರೆಯಿಂದ ಹೊರಬಂದು ಕೇಳುತ್ತಾನೆ. ಅಷ್ಟರಲ್ಲಿ ಕಿರಿಯ ರಾಣಿ ಇರಾವತಿ, ಅದೂ ಕುಡಿದ ಅಮಲಿನಲ್ಲಿ, ಧುತ್ತೆಂದು ಎದುರು ನಿಂತು ಸೊಂಟದಿಂದ ಜಾರಿದ ಡಾಬನ್ನೇ ಅವನಿಗೆ ಹೊಡೆಯಲು ಎತ್ತುತ್ತಾಳೆ! ಅರಮನೆಯಲ್ಲಿ ರಂಪವೋ ರಂಪ. ಅಶೋಕ ಮಾತ್ರ ಕೊಟ್ಟ ಗಡುವಿನೊಳಗೇ ಹೂ ಬಿಟ್ಟು ಮಾಲವಿಕೆಯ ಮದುವೆಗೆ ದಾರಿ ಮಾಡಿಕೊಟ್ಟಿತು. ರಾಣಿಯೂ ಆಡಿದ ಹಾಗೆ ನಡೆದುಕೊಂಡಳು.